ಗುರಾಣಿಯ ಬಲಗಡೆ ತವರುಮನೆ

ಇಂಗ್ಲೆಂಡಿಗೆ ಹೋಗಿ ಬಂದವರೆಲ್ಲ ಲಂಡನ್ನಿನ ಅರಮನೆ, ಸೇತುವೆ, ದೊಡ್ಡ ಗಡಿಯಾರಗಳನ್ನೇ ವರ್ಣಿಸುತ್ತಾರೆ. ನಾನು ನಿಮ್ಮನ್ನು ಬೇರೆ ಕಡೆ ಕರೆದುಕೊಂಡು ಹೋಗುತ್ತೇನೆ, ಬನ್ನಿ. ನನ್ನ ತಂಗಿ ಇರುವುದು ಲಂಡನ್ನಿಗೆ ಪಶ್ಚಿಮದಲ್ಲಿರುವ ಸ್ವಿಂಡನ್ ಎಂಬ ಊರಿನಲ್ಲಿ. ಆ ಊರಿನ ಅಂಚಿಗೆ ಲಿಡಿಯಾರ್ಡ್ ಟ್ರಿಗೋಜ್ ಎಂಬ ಜಾಗ. ಅಲ್ಲೊಂದು ಹಳೆಯ ಬಂಗಲೆ, ಅದರ ಹಿಂದೆಯೇ ಸಂತ ಮೇರಿಯ ಚರ್ಚು. ಹೊರಗಿನಿಂದ ಸಾಧಾರಣ ಕಟ್ಟಡ. ಒಳಗೆ ಕಾಲಿಟ್ಟರೆ ಎಲ್ಲೆಲ್ಲೂ ಸೇಂಟ್ ಜಾನ್ ಮನೆತನದ ಸಮಾಧಿಗಳು, ಬಣ್ಣಬಣ್ಣದ ಗುರಾಣಿಗಳು! (ಬರೆಯುವುದು ಸೇಂಟ್ ಜಾನ್, ಬಾಯಲ್ಲಿ ಹೇಳುವುದು ಸಿಂಜನ್.)

ಈ ಗುರಾಣಿಗಳೆಂದರೆ ಮನೆತನದ ಲಾಂಛನ. ಓದುವುದು ಕಷ್ಟವೇನಲ್ಲ. ಬೆಳ್ಳಿ ಬಣ್ಣದ ನೆಲ, ಮೇಲೆ ಕೆಂಪು ಪಟ್ಟಿ, ಪಟ್ಟಿಯಲ್ಲಿ ಎರಡು ಚಿನ್ನದ ನಕ್ಷತ್ರ ಕಂಡರೆ ಅದು ಸೇಂಟ್ ಜಾನ್ ಮನೆ. ಗುರಾಣಿಯನ್ನು ಉದ್ದಕ್ಕೆ ಎರಡು ಭಾಗ ಮಾಡಿದ್ದರೆ, ನಮ್ಮ ಎಡಕ್ಕೆ ಕಾಣುವುದು ಗಂಡನ ಮನೆ, ಬಲಕ್ಕೆ ಹೆಂಡತಿಯ ತವರು. ಅಣ್ಣತಮ್ಮಂದಿರಿಲ್ಲದ ಹೆಣ್ಣಾದರೆ ಅವಳ ತವರಿನ ಲಾಂಛನವನ್ನು ಮಕ್ಕಳು, ಮೊಮ್ಮಕ್ಕಳೂ ತಮ್ಮ ಗುರಾಣಿಯಲ್ಲಿ ಸೇರಿಸಿಕೊಳ್ಳುತ್ತಾರೆ. ಆದರೆ ಮದುವೆಯಾಗದವಳಿಗೂ ವಿಧವೆಗೂ ಆಗ ಗುರಾಣಿ ಇಲ್ಲ. ಯುದ್ಧಕ್ಕೆ ಹೋಗದವಳಿಗೆ ಗುರಾಣಿ ಯಾಕೆ ಅಂತ, ಕೊಬ್ಬರಿ ಮಿಠಾಯಿ ಕತ್ತರಿಸಿದಂಥ ಆಕಾರದೊಳಗೆ ಅವಳ ಲಾಂಛನ!

ಇಷ್ಟು ತಿಳಿದುಕೊಂಡು ನೋಡಿದರೆ ಒಂದು ಸಂಗತಿ ಹೊಳೆಯುತ್ತದೆ. ಹೆಸರು ಗಂಡಸರದ್ದು, ಆಸ್ತಿ ಬಂದದ್ದು ಹೆಂಗಸರಿಂದ. ಲಿಡಿಯಾರ್ಡ್ ಜಮೀನು ಈ ಮನೆಗೆ ಸೇರಿದ್ದು ಮಾರ್ಗರೆಟ್ ಬೋಷಾಂ ಎಂಬ ಸೊಸೆಯಿಂದ. ಗಂಡ ತೀರಿಕೊಂಡ ಮೇಲೆ ಆಕೆ ಸಾಮರ್ಸೆಟ್ಟಿನ ಡ್ಯೂಕನನ್ನು ಮದುವೆಯಾದಳು. ಆ ಮದುವೆಯಲ್ಲಿ ಹುಟ್ಟಿದ ಮಗಳ ಮಗನೇ 1485ರಲ್ಲಿ ಪಟ್ಟಕ್ಕೆ ಬಂದ ಏಳನೆಯ ಹೆನ್ರಿ. ರಾಜಮನೆತನದ ನಂಟೂ ಹೆಣ್ಣಿನಿಂದಲೇ ಬಂತು ನೋಡಿ.

1615ರಲ್ಲಿ ಸರ್ ಜಾನ್ ಎಂಬಾತ ತಂದೆತಾಯಿಯ ನೆನಪಿಗೆ ಇಲ್ಲೊಂದು ಮರದ ಚಿತ್ರಫಲಕ ಮಾಡಿಸಿದ. ಬೀರುವಿನಂತೆ ಬಾಗಿಲು ತೆರೆದರೆ ಒಳಗೆ ಇಡೀ ಸಂಸಾರ. ನಡುವೆ ಮಂಡಿಯೂರಿದ ತಂದೆತಾಯಿ, ಒಂದು ಪಕ್ಕ ಮಗ ಸೊಸೆ, ಇನ್ನೊಂದು ಪಕ್ಕ ಆರು ಹೆಣ್ಣುಮಕ್ಕಳು. ಉಳಿದ ಹಲಗೆಗಳ ಮೇಲೆ ಗುರಾಣಿಗಳ ಸಮೇತ ವಂಶವೃಕ್ಷ. ಅದನ್ನು ಸಿದ್ಧಪಡಿಸಿದ ಲಾಂಛನಾಧಿಕಾರಿ ಸರ್ ರಿಚರ್ಡ್ ಸೇಂಟ್ ಜಾರ್ಜ್ ಈ ಮನೆಯ ಅಳಿಯನೇ!

ಆ ಚಿತ್ರದಲ್ಲಿರುವ ಸೊಸೆ ಆನ್ ಲೈಟನ್. ಅವಳ ಸಮಾಧಿಯ ಮುಂದೆ ನನ್ನ ಕಾಲು ನಿಂತೇಬಿಟ್ಟಿತು. ಸರ್ ಜಾನ್ 1634ರಲ್ಲಿ, ತಾನು ಬದುಕಿರುವಾಗಲೇ ಮಾಡಿಸಿದ ಸಮಾಧಿ ಅದು. ನಡುವೆ ಅವನು, ಎರಡು ಪಕ್ಕದಲ್ಲಿ ಇಬ್ಬರು ಹೆಂಡತಿಯರು. ಕಿರಿಯಳಾದ ಮಾರ್ಗರೆಟ್ ವಿಟ್ಮೋರ್ ಕೂಡ ಆಗ ಬದುಕಿದ್ದಳು. ಹಿರಿಯಳಾದ ಆನ್ ತೀರಿಕೊಂಡದ್ದು 1628ರಲ್ಲಿ, ಹದಿಮೂರನೆಯ ಹೆರಿಗೆಯಲ್ಲಿ. ಅವಳ ತೋಳಿನಲ್ಲಿ ಆ ಕೂಸನ್ನೂ ಶಿಲ್ಪಿ ಕಡೆದಿದ್ದಾನೆ. ಹದಿಮೂರು ಬಾಣಂತನ! ಸುತ್ತಲಿನ ಗುರಾಣಿಗಳ ವೈಭವವೆಲ್ಲ ಯಾರ ಮೈಯಿಂದ ಬಂತು ಎಂದು ಯಾರೂ ವಿವರಿಸಬೇಕಾಗಿಲ್ಲ.

ಆಮೇಲೆ 1642ರಲ್ಲಿ ರಾಜನಿಗೂ ಪಾರ್ಲಿಮೆಂಟಿಗೂ ಯುದ್ಧ ಹತ್ತಿತು. ಆನ್‌ಳ ಮೂವರು ಗಂಡುಮಕ್ಕಳು ರಾಜನ ಕಡೆ ಹೋರಾಡಿ ಸತ್ತರು. ಗಾಯಗೊಂಡು 1645ರಲ್ಲಿ ತೀರಿಕೊಂಡ ಎಡ್ವರ್ಡ್‌ನ ಆಳೆತ್ತರದ ವಿಗ್ರಹಕ್ಕೆ ಮೈತುಂಬ ಚಿನ್ನದ ಲೇಪ. ನೋಡಲು ಬಂದವರು ಮೊದಲು ಹುಡುಕುವುದು ಅದನ್ನೇ. ನೀವು ಅವನನ್ನು ನೋಡಿ ಅಲ್ಲಿಗೇ ನಿಲ್ಲಬೇಡಿ, ಅವನ ತಾಯಿಯನ್ನೂ ನೋಡಿ.

ನಿಮ್ಮ ಮಕ್ಕಳು ಆ ಕಡೆ ಇದ್ದರೆ, ಚರ್ಚು ತೆರೆದಿರುವ ದಿನವನ್ನು ಮೊದಲೇ ವಿಚಾರಿಸಿಕೊಂಡು ಹೋಗಿ ಬನ್ನಿ. ಹೋಗಲಾಗದವರು ಒಂದು ಕೆಲಸ ಮಾಡಬಹುದು. ಮನೆಯಲ್ಲಿ ಯಾರಾದರೂ ವಂಶವೃಕ್ಷ ಬರೆಯಲು ಕೂತರೆ, ಸೊಸೆಯರ ಹೆಸರಿನ ಜೊತೆ ಅವರ ತವರಿನ ಊರು, ಮನೆತನದ ಹೆಸರನ್ನೂ ಮರೆಯದೆ ಬರೆಸಿ.