ದೊಡ್ಡವ್ವನ ಕೂಲರ್ ಲೆಕ್ಕ

ನವಲಗುಂದದ ಏಪ್ರಿಲ್ ಮಧ್ಯಾಹ್ನ. ದೊಡ್ಡವ್ವನ ಹೊಸ ಸ್ಲ್ಯಾಬಿನ ಮನಿ ರೊಟ್ಟಿ ಹಂಚಿನಂಗ ಕಾದಿತ್ತು. ಕೂಲರ್ ಐತಿ, ಆದರ ಮ್ಯಾಲೆ ಟವೆಲ್ ಹೊಚ್ಚಿ ಇಟ್ಟಾಳ.

"ಯಾಕ ದೊಡ್ಡವ್ವ, ಕರೆಂಟ್ ಪುಕ್ಕಟೆ ಅಲ್ಲೇನು?"

"ಇನ್ನೂರು ಯೂನಿಟ್ ಅಂತಾರ. ನಮ್ಮ ಪಾಲಿಗೆ ಬಂದಿದ್ದು ಐವತ್ತೈದ!"

ಖರೇನ ಐತಿ. 2023ರ ಆಗಸ್ಟ್ ಬಿಲ್ಲಿನಿಂದ ಜಾರಿಯಾದ ಗೃಹಜ್ಯೋತಿಯೊಳಗ 200 ಅನ್ನೋದು ಮೇಲ್ಮಿತಿ ಅಷ್ಟ. ಸಿಗೋದು 2022–23ರ ನಿಮ್ಮ ಸರಾಸರಿ ಬಳಕೆ, ಮ್ಯಾಲೆ ಶೇ 10. (ಸರಾಸರಿ 48ಕ್ಕಿಂತ ಕಡಿಮೆ ಇದ್ದವರಿಗೆ ಆಮ್ಯಾಲ ಶೇಕಡಾ ಲೆಕ್ಕ ಬಿಟ್ಟು 10 ಯೂನಿಟ್ ಹೆಚ್ಚಿಗಿ ಕೊಟ್ಟರು.) ಅಂದರ, ಆ ವರ್ಷ ಎರಡು ಬಲ್ಬು, ಒಂದು ಫ್ಯಾನಿನ್ಯಾಗ ದಿನ ದೂಡಿದವರಿಗೆ ಇವತ್ತೂ ಅಷ್ಟ ಗಾಳಿ. ಅವಾಗ್ಲೇ ಧಾರಾಳ ಉರಿಸಿದವರ ಪಾಲು ದೊಡ್ಡದು! 200 ವ್ಯಾಟಿನ ಕೂಲರ್ ಐದು ತಾಸು ತಿರುಗಿದರ ಒಂದು ಯೂನಿಟ್, ತಿಂಗಳಿಗೆ 30. ಪಾಲು ದಾಟಿದ್ದಕ್ಕ ಕೈಯಿಂದ ರೊಕ್ಕ. 200 ದಾಟಿತೋ, ಪೂರಾ ಬಿಲ್ ನಮ್ಮದ.

ಹಿತ್ತಲದಾಗ ಹಳೇ ಮೇಲ್ಮುದ್ದಿ ಮನಿ ಇನ್ನೂ ನಿಂತೈತಿ. ದಪ್ಪ ಮಣ್ಣಿನ ಗ್ವಾಡಿ, ಸಣ್ಣ ಬೆಳಕಿಂಡಿ. ಊಟ ಆದಮ್ಯಾಲ ದೊಡ್ಡವ್ವ ಚಾಪಿ ಸುತ್ತಿಕೊಂಡು ಅಲ್ಲಿಗೇ ಹೊಂಟ್ಲು. ನಾನೂ ಹಿಂದ ಹೋದೆ.