ಹಸೆಗೆ ಕರೆಯುವ ದನಿ

ಮದುವೆಯ ಮನೆಯಲ್ಲಿ ಸೋದರಮಾವನಿಗೆ ಕೆಲಸಗಳು ಅನೇಕ. ಹೆಣ್ಣನ್ನು ಮಂಟಪಕ್ಕೆ ಕರೆತರುವುದರಿಂದ ಹಿಡಿದು ಅಡಿಗೆಯವರಿಗೂ ಉಗ್ರಾಣದವರಿಗೂ ನಡುವೆ ಹುಟ್ಟುವ ವ್ಯಾಜ್ಯಗಳನ್ನು ತೀರಿಸುವವರೆಗೆ ಎಲ್ಲವೂ ಅವನ ಪಾಲಿನದೇ. ಆದರೆ ಕಳೆದ ವರ್ಷ ನನ್ನ ಅಕ್ಕನ ಮಗಳು ನನಗೆ ಒಪ್ಪಿಸಿದಂತಹ ಕೆಲಸ ನಮ್ಮ ವಂಶದ ಯಾವ ಸೋದರಮಾವನಿಗೂ ಬಂದಿರಲಾರದು.

"ಮಾವ, ಆರತಕ್ಷತೆಗೆ ನಾವಿಬ್ಬರೂ ಒಳಗೆ ಬರುವಾಗ ಯಾವ ಸಂಗೀತ ಇರಬೇಕು ಅಂತ ನೀವೇ ಆರಿಸಿಕೊಡಬೇಕು" ಎಂದಳು.

"ಅದಕ್ಕೇನಮ್ಮ, ನಾಗಸ್ವರದವರು ಇದ್ದೇ ಇರುತ್ತಾರಲ್ಲ?"

"ಅದು ಬೆಳಿಗ್ಗೆ, ಧಾರೆಗೆ. ಸಂಜೆ ಇಡೀ ಛತ್ರವೇ ಮಾಯಾಲೋಕವಾಗುತ್ತೆ."

ವಿಷಯವಿಷ್ಟೇ. ವಧುವರರ ಸ್ನೇಹ ಬೆಳೆದದ್ದು ಟೋಲ್ಕಿನ್ ಎಂಬ ಇಂಗ್ಲಿಷ್ ಲೇಖಕನ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಎಂಬ ಅದ್ಭುತ ಕಥೆಯನ್ನು ಇಬ್ಬರೂ ಮೆಚ್ಚಿ ಓದಿದ್ದರಿಂದ. ಆದಕಾರಣ ಮೈಸೂರಿನ ನಮ್ಮ ಛತ್ರದಲ್ಲಿ ಬೆಳ್ಳಿಬಣ್ಣದ ಮರಗಳು ಏಳಬೇಕು, ಕಾಗದದ ಎಲೆಗಳ ನಡುವೆ ಲಾಂದ್ರಗಳು ತೂಗಬೇಕು, ವಧುವಿನ ಮುಡಿಯಲ್ಲಿ ಮಲ್ಲಿಗೆಯ ಜೊತೆಗೆ ಎಲೆಯ ಕಿರೀಟವೊಂದು ಇರಬೇಕು. ಇಂತಹ ವನಕ್ಕೆ ತಕ್ಕ ಸಂಗೀತ ಯಾವುದು? ಕನ್ನಡ ಎಂ.ಎ. ಪದವಿ ಇದಕ್ಕೆ ಉತ್ತರ ಕೊಡುವುದಿಲ್ಲ.

ಎಂಟು ದಿನ, ಉತ್ತರಪತ್ರಿಕೆಗಳನ್ನು ತಿದ್ದಿದ ಮೇಲೆ, ಅವಳು ಕಳುಹಿಸಿದ ಸ್ವರಗಳನ್ನೆಲ್ಲ ಕೇಳಿದೆ. ಆ ಕಥೆಯ ಚಿತ್ರಗಳು ತೆರೆಕಂಡದ್ದು 2001ರಿಂದ 2003ರ ಅವಧಿಯಲ್ಲಿ; ಹೋವರ್ಡ್ ಶೋರ್ ಎಂಬಾತನ ಸಂಗೀತ. ಅದರಲ್ಲಿ ಕುಳ್ಳರ ಹಳ್ಳಿಯನ್ನು ತೋರಿಸುವಾಗ ಬರುವ ಮಧುರವಾದ ರಾಗವೊಂದನ್ನು ಅಕ್ಕನಿಗೆ ಕೇಳಿಸಿದೆ. "ಚೆನ್ನಾಗಿದೆ ಕಣೋ, ಆದರೆ ಯಾರೋ ಬೆಳಿಗ್ಗೆ ಎದ್ದು ತೋಟಕ್ಕೆ ಹೊರಟ ಹಾಗಿದೆ" ಎಂದಳು. ವರನ ಗೆಳೆಯನೊಬ್ಬ 'ಗೇಮ್ ಆಫ್ ಥ್ರೋನ್ಸ್' ಧಾರಾವಾಹಿಯ ಗಂಭೀರವಾದ ಗೀತೆಯೊಂದನ್ನು ಸೂಚಿಸಿದ. ನನಗೆ ಒಪ್ಪಿಗೆಯಾಯಿತು. ವಧು ಮಾತ್ರ ಕಿವಿ ಮುಚ್ಚಿಕೊಂಡಳು! 2013ರಲ್ಲಿ ಪ್ರಸಾರವಾದ ಕಂತೊಂದರಲ್ಲಿ ಮದುವೆಯ ಔತಣ ನಡೆಯುತ್ತಿರುವಾಗ ಬಾಗಿಲು ಮುಚ್ಚಿ, ವಾದ್ಯದವರು ಇದೇ ಗೀತೆಯನ್ನು ನುಡಿಸುತ್ತಾರಂತೆ. ಕೂಡಲೇ ಅತಿಥಿಗಳ ಕೊಲೆ! ಕಥೆ ಬಲ್ಲವರು ಊಟದ ಮಾತನ್ನೇ ಮರೆತು ಹೊರಗೆ ಓಡುತ್ತಿದ್ದರು.

ಹಾಗಾದರೆ ಇಂಗ್ಲಿಷರ ಮದುವೆಗಳಲ್ಲಿ ಕೇಳುವ ಪ್ರಸಿದ್ಧ ಸ್ವರಗಳೇ ಆಗಲಿ ಎಂದರು ಬೀಗರು. ಅವುಗಳ ಜಾತಕವನ್ನೂ ನೋಡಿದೆ. ವಧು ಒಳಬರುವಾಗ ನುಡಿಸುವುದು ವಾಗ್ನರನ 'ಲೋಹೆನ್‌ಗ್ರಿನ್' ಸಂಗೀತನಾಟಕದ್ದು; 1850ರಲ್ಲಿ ಮೊದಲ ಪ್ರಯೋಗ. ಆ ನಾಟಕದಲ್ಲಿ ಹಾಡು ಮುಗಿದ ರಾತ್ರಿಯೇ ವಧು ಕೇಳಬಾರದ ಪ್ರಶ್ನೆಯನ್ನು ಕೇಳುತ್ತಾಳೆ, ವರ ಅವಳನ್ನು ಬಿಟ್ಟು ಹೊರಡುತ್ತಾನೆ. ಇನ್ನೊಂದು ಮೆಂಡೆಲ್‌ಸನ್ನನದು. 1842ರಲ್ಲಿ ಷೇಕ್ಸ್‌ಪಿಯರನ 'ಎ ಮಿಡ್‌ಸಮರ್ ನೈಟ್ಸ್ ಡ್ರೀಮ್' ನಾಟಕಕ್ಕಾಗಿ ರಚಿಸಿದ್ದು. 1858ರಲ್ಲಿ ವಿಕ್ಟೋರಿಯಾ ರಾಣಿಯ ಹಿರಿಯ ಮಗಳ ಮದುವೆಯಲ್ಲಿ ಅದನ್ನು ನುಡಿಸಿದ ಮೇಲೆ ಬಹಳ ಬಳಕೆಗೆ ಬಂದಿತು. ಯಕ್ಷಿಣಿಯರು ತುಂಬಿದ ಕಾಡಿನ ಕಥೆಯಾದ್ದರಿಂದ ನಮಗೆ ಹೊಂದುತ್ತಿತ್ತು. ಆದರೆ ಅದು ಮದುವೆ ಮುಗಿದು ಹೊರಗೆ ಹೊರಡುವಾಗಿನ ಸಂಗೀತ!

ಕೊನೆಗೆ ನನ್ನ ಸ್ವಂತ ಉಗ್ರಾಣಕ್ಕೆ ಕೈಹಾಕಿದೆ. ಭರತನ ನಾಟ್ಯಶಾಸ್ತ್ರದಲ್ಲಿ ಪಾತ್ರವು ರಂಗಕ್ಕೆ ಬರುವಾಗ ಹಾಡಲೆಂದೇ 'ಪ್ರಾವೇಶಿಕೀ ಧ್ರುವಾ' ಎಂಬ ಗೀತೆಯುಂಟು. ಬರುವವರು ಯಾರು, ಅವರ ಮನಸ್ಸು ಯಾವ ಸ್ಥಿತಿಯಲ್ಲಿದೆ ಎಂಬುದು ಮಾತಿಗೆ ಮೊದಲೇ ಪ್ರೇಕ್ಷಕರಿಗೆ ಅದರಿಂದ ತಿಳಿಯಬೇಕು. ನಮ್ಮ ಯಕ್ಷಗಾನದ ಒಡ್ಡೋಲಗವಂತೂ ಸರಿಯೇ ಸರಿ. ಚೆಂಡೆ ಮದ್ದಳೆಗಳ ನಡುವೆ ತೆರೆಯ ಹಿಂದಿನಿಂದ ಕಿರೀಟ ಕಾಣಿಸಿಕೊಂಡರೆ ಅದಕ್ಕಿಂತ ಮಾಯಾಲೋಕ ಬೇರೆ ಬೇಕೆ? ಅರ್ಧ ಗಂಟೆ ಉಪನ್ಯಾಸ ಮಾಡಿದೆ. ಹುಡುಗಿ ತಾಳ್ಮೆಯಿಂದ ಕೇಳಿ, "ಅದೆಲ್ಲ ವೇಷ ಬರೋದಕ್ಕೆ ಮಾವ. ಕಿರೀಟ ಇಟ್ಟುಕೊಂಡರೂ ಬರೋಳು ನಾನೇ ಅಲ್ವೇ?" ಎಂದಳು.

ನಾನು ನಿರುತ್ತರನಾದೆ. ಆ ಮೌನದಲ್ಲಿ ಅಡಿಗೆಮನೆಯಿಂದ ಒಂದು ದನಿ ಕೇಳಿಸಿತು. ಅಕ್ಕ ಹುರುಳಿಕಾಯಿ ಹೆಚ್ಚುತ್ತ ಹಸೆಯ ಹಾಡನ್ನು ಗುನುಗುತ್ತಿದ್ದಳು. ನಾವು ಕೇಳುತ್ತಿದ್ದೇವೆಂದು ತಿಳಿದೊಡನೆ ನಿಲ್ಲಿಸಿದಳು.

ಹಸೆಯ ಹಾಡೆಂದರೆ ವಧುವರರನ್ನು ಹಸೆಮಣೆಗೆ ಬನ್ನಿರೆಂದು ಕರೆಯುವ ಹೆಂಗಸರ ಹಾಡು. ಒಂದು ಕಾಲದಲ್ಲಿ ನಮ್ಮ ಬೀದಿಯ ಯಾವ ಹಸೆಯೂ ಅಕ್ಕನ ಕಂಠವಿಲ್ಲದೆ ಆಗುತ್ತಿರಲಿಲ್ಲ. ಒಂಬತ್ತು ವರ್ಷಗಳ ಹಿಂದೆ ಭಾವನವರು ತೀರಿಕೊಂಡರು. ಅಂದಿನಿಂದ ಅವಳು ಹಾಡಲಿಲ್ಲ. ಹಾಡಬೇಡವೆಂದು ಯಾರೂ ಹೇಳಲಿಲ್ಲ. ಹಾಡು ಬಾ ಎಂದು ಯಾರೂ ಕರೆಯಲೂ ಇಲ್ಲ. ತರಗತಿಯಲ್ಲಿ ಜನಪದ ಗೀತೆಗಳನ್ನು ಕೊಂಡಾಡಿ ಚಪ್ಪಾಳೆ ಗಿಟ್ಟಿಸುವ ನಾನೂ ಕರೆದಿರಲಿಲ್ಲ.

"ಅಮ್ಮ ಹಾಡಲಿ" ಎಂದಳು ಹುಡುಗಿ.

"ಬೇಡ ಕಣೇ. ಶುಭಕಾರ್ಯದಲ್ಲಿ ಜನ ಏನಂದುಕೊಂಡಾರು?"

"ಶಾಸ್ತ್ರವೆಲ್ಲ ಬೆಳಿಗ್ಗೆ ಮುಗಿದಿರುತ್ತೆ. ಸಂಜೆಯದು ನಾವು ಕಟ್ಟಿದ ಲೋಕ. ಅಲ್ಲಿ ಶಾಸ್ತ್ರ ನಮ್ಮದೇ."

ಬೆಳಗಿನ ಹಸೆಗೂ ಅಕ್ಕನೇ ಹಾಡಲಿ ಎಂದು ನಾನು ಹೇಳಬೇಕಾಗಿತ್ತು. ಪುರೋಹಿತರೂ ಬಂಧುಗಳೂ ಕಣ್ಣಮುಂದೆ ಬಂದರು, ಬಾಯಿ ಬರಲಿಲ್ಲ. ಕಾಗದದ ಮರಗಳನ್ನು ನೋಡಿ ನಕ್ಕಿದ್ದ ನನಗೆ, ಆ ಮರಗಳ ನೆರಳು ಎಷ್ಟು ಅಗತ್ಯವಾಗಿತ್ತೆಂದು ಆಗ ಅರಿವಾಯಿತು.

ಮದುವೆಯ ದಿನ ಬೆಳಿಗ್ಗೆ ನಾನೂ ನನ್ನ ಪತ್ನಿಯೂ ಧಾರೆಯೆರೆದೆವು. ಗಟ್ಟಿಮೇಳ ಮೊಳಗಿದಾಗ ಅಕ್ಕ ಕಂಬದ ಬಳಿ ಕೈಮುಗಿದು ನಿಂತಿದ್ದಳು. ಸಂಜೆ ದೀಪಗಳು ಮಂದವಾದುವು. ಧ್ವನಿವರ್ಧಕದ ಹುಡುಗ "ಯಾವ ಹಾಡು ಹಾಕಲಿ ಸಾರ್?" ಎಂದು ಕೇಳಿದ. ಯಾವುದೂ ಬೇಡವೆಂದೆ. ಬಾಗಿಲಿನಿಂದ ವೇದಿಕೆಗೆ ಅರುವತ್ತು ಹೆಜ್ಜೆ. ಅಕ್ಕ ವೇದಿಕೆಯ ಪಕ್ಕದಲ್ಲಿ ನಿಂತು ಆರಂಭಿಸಿದಳು. ಮೊದಲ ನುಡಿಯಲ್ಲಿ ದನಿ ನಡುಗಿತು. ಎರಡನೆಯದಕ್ಕೆ ಮುಂದಿನ ಸಾಲಿನ ಅಜ್ಜಿಯೊಬ್ಬರು ದನಿಗೂಡಿಸಿದರು. ಮೂರನೆಯದಕ್ಕೆ ನಾಲ್ಕಾರು ಮಂದಿ. ವಧುವರರು ನಿಧಾನವಾಗಿ ನಡೆದರೆ ಒಂದು ನುಡಿ ಹೆಚ್ಚಾಗುತ್ತಿತ್ತು, ಅಷ್ಟೆ. ಎಲೆಯ ಕಿರೀಟದ ಹುಡುಗಿ ತಾಯಿಯ ಮುಖದಿಂದ ಕಣ್ಣು ತೆಗೆಯದೆ ನಡೆದುಬಂದಳು.

ಎರಡು ತಿಂಗಳಾದ ಮೇಲೆ ಎದುರುಮನೆಯವರು ತಮ್ಮ ಮಗನ ಲಗ್ನಪತ್ರಿಕೆ ತಂದು, ಹಸೆಗೆ ಹಾಡಲು ಬರಬೇಕೆಂದು ಅಕ್ಕನನ್ನು ಕರೆದರು. ಅವರು ಹೊರಟ ಮೇಲೆ ಅಕ್ಕ ನನ್ನ ಮುಖ ನೋಡಿ, "ಮುಹೂರ್ತ ಬೆಳಿಗ್ಗೆ ಕಣೋ. ಹೋಗಲೇನು?" ಎಂದಳು.

ಈ ಸಲ ನನಗೆ ಬಾಯಿ ಬಂದಿತು. "ಹೊರಡು, ನಾನೇ ಕರೆದುಕೊಂಡು ಹೋಗುತ್ತೇನೆ" ಎಂದೆ.