ಗ್ಯಾರೇಜಿನಲ್ಲೊಂದು ಪೆಟ್ಟಿಗೆ

ಮೊನ್ನೆ ಶನಿವಾರ ಇಲ್ಲಿ ಅಮೆರಿಕದಲ್ಲಿ ನಮ್ಮ ಪಕ್ಕದ ಮನೆಯ ಅಜ್ಜಿಯ ಹತ್ತಿರ ಏಣಿ ಕೇಳೋಕೆ ಹೋಗಿದ್ದೆ. ಗ್ಯಾರೇಜಿನಲ್ಲಿದೆ, ತಗೋ ಅಂದರು. ಏಣಿಯ ಪಕ್ಕ ಉದ್ದನೆಯ ಮರದ ಪೆಟ್ಟಿಗೆ, ಒಳಗೆ ಕೌದಿಗಳು. "ಚೆನ್ನಾಗಿದೆ, ಎಲ್ಲಿ ತಗೊಂಡ್ರಿ?" ಅಂದೆ.

"ಅದು ನನ್ನ ಶವಪೆಟ್ಟಿಗೆ. ಬಡಗಿ ಹತ್ತಿರ ಮಾಡಿಸಿದ್ದು. ಬೇಕಾಗೋ ತನಕ ಖಾಲಿ ಯಾಕಿಡಬೇಕು?" ಅಂತ ನಕ್ಕರು. ನನಗೆ ಏಣಿ ಮರೆತೇ ಹೋಯಿತು!

ಆಮೇಲೆ ಕಾಫಿ ಕೊಟ್ಟು ಕತೆ ಹೇಳಿದರು. ಗಂಡ ತೀರಿಕೊಂಡಾಗ ಅಂತ್ಯಕ್ರಿಯೆ ಮಾಡಿಸುವವರು ಥಳಥಳ ಹೊಳೆಯುವ ಪೆಟ್ಟಿಗೆಗಳನ್ನಷ್ಟೇ ತೋರಿಸಿದರಂತೆ. ಅಳುತ್ತಾ ಕೂತವರು ಚೌಕಾಸಿ ಮಾಡುವುದುಂಟೆ? ತೋರಿಸಿದಲ್ಲಿ ಸಹಿ ಹಾಕಿದರು. ಸಾಲ ತೀರಲು ಮೂರು ವರ್ಷ ಹಿಡಿಯಿತು.

ಇಲ್ಲಿ 1984ರಿಂದ 'ಫ್ಯೂನೆರಲ್ ರೂಲ್' ಅಂತ ಒಂದು ನಿಯಮ ಇದೆ. ಫೋನಿನಲ್ಲಿ ಕೇಳಿದರೂ ಬೆಲೆ ಹೇಳಬೇಕು, ನೇರ ಹೋಗಿ ವಿಚಾರಿಸಿದರೆ ಪಟ್ಟಿ ಕೈಗೆ ಕೊಡಬೇಕು. ಹೊರಗೆ ಕೊಂಡ ಪೆಟ್ಟಿಗೆಯನ್ನು ಬೇಡ ಅನ್ನುವಂತಿಲ್ಲ, ಅದಕ್ಕೆಂದು ಬೇರೆ ಶುಲ್ಕವನ್ನೂ ಹಾಕುವಂತಿಲ್ಲ. ಕಾಸ್ಟ್‌ಕೋದವರೂ ಶವಪೆಟ್ಟಿಗೆ ಮಾರುತ್ತಾರೆ! ನಮ್ಮಂಥ ಸುಡುವವರಿಗೆ ಇನ್ನೂ ಮುಖ್ಯವಾದದ್ದು: ನೇರವಾಗಿ ದಹನ ಮಾಡಿಸುವುದಾದರೆ ದುಬಾರಿ ಪೆಟ್ಟಿಗೆ ಬೇಕಿಲ್ಲ, ರಟ್ಟಿನದೋ ಸಾದಾ ಮರದ್ದೋ ಸಾಕು. "ಮೊದಲೇ ಯೋಚಿಸು. ಆದರೆ ಮೊದಲೇ ದುಡ್ಡು ಕಟ್ಟೋದು ಬೇರೆ ಮಾತು. ಅವರು ಬಾಗಿಲು ಮುಚ್ಚಿದರೆ, ನೀನು ಊರು ಬಿಟ್ಟರೆ ಆ ದುಡ್ಡಿನ ಗತಿ ಏನು ಅಂತ ಕೇಳಿಕೋ" ಅಂದರು.

ನನಗೆ ನಮ್ಮಜ್ಜಿ ನೆನಪಾದಳು. ದೇವರ ಮನೆಯಲ್ಲಿ ಕಾಶಿಯಿಂದ ತಂದ, ಬೆಸುಗೆ ಹಾಕಿದ ಗಂಗೆಯ ಗಿಂಡಿ. ಟ್ರಂಕಿನ ತಳದಲ್ಲಿ ಗಂಟು ಕಟ್ಟಿದ ದುಡ್ಡು. "ನನ್ನ ಖರ್ಚಿಗೆ ಯಾರೂ ಸಾಲ ಮಾಡಬಾರದು" ಅನ್ನುತ್ತಿದ್ದಳು. ನಾವು "ಬಿಡ್ತು ಅನ್ನಜ್ಜಿ" ಅಂತ ಬಾಯಿ ಮುಚ್ಚಿಸುತ್ತಿದ್ದೆವು. ಅವಳು ಹೋದದ್ದು ತಿಂಗಳ ಕೊನೆಯಲ್ಲಿ. ಅಪ್ಪನ ಜೇಬು ಖಾಲಿ. ಮಾನ ಉಳಿಸಿದ್ದು ಆ ಗಂಟೇ.

ನನಗೂ ಐವತ್ತು ದಾಟಿದೆ. ನಾನು ಹೋದರೆ ಇಲ್ಲೇ ಸುಡಬೇಕೋ, ಊರಿಗೆ ಕಳಿಸಬೇಕೋ ಅಂತ ಹೆಂಡತಿಗೆ ಒಂದು ಮಾತೂ ಹೇಳಿರಲಿಲ್ಲ. ಅವತ್ತು ರಾತ್ರಿ ಒಂದು ಹಾಳೆಯಲ್ಲಿ ಬರೆದೆ: 'ಇಲ್ಲೇ ಸುಡಿ. ರಟ್ಟಿನ ಪೆಟ್ಟಿಗೆ ಸಾಕು. ಬೂದಿ ಶ್ರೀರಂಗಪಟ್ಟಣದ ಕಾವೇರಿಗೆ ಹೋದರೆ ಸಂತೋಷ, ಹೋಗದಿದ್ದರೂ ಬೇಜಾರಿಲ್ಲ. ಸಾಲ ಮಾತ್ರ ಮಾಡಬೇಡಿ.'

"ಬಿಡ್ತು ಅನ್ನಿ!" ಅಂತ ಬೈದಳು. ಆಮೇಲೆ ಹಾಳೆಯನ್ನು ಮಡಚಿ ಪಾಸ್‌ಪೋರ್ಟ್ ಇಡೋ ಡ್ರಾಯರಿನಲ್ಲಿಟ್ಟಳು. ಮಾರನೇ ದಿನ ನೋಡಿದರೆ ಅದರ ಕೆಳಗೆ ಅವಳದೂ ಒಂದು ಹಾಳೆ.

ನಿಮ್ಮ ಮನೆಯಲ್ಲಿ ಈ ಮಾತು ಬಂದಿದೆಯೇ?

ಅಂದಹಾಗೆ, ಏಣಿ ಇನ್ನೂ ತಂದಿಲ್ಲ :)